ಕನ್ನಡ ನಾಡಿನಲ್ಲಿ ನೌಕಾಧಿಕಾರಿಗಳ ಶಿಕ್ಷಣ: ಬೆಳ್ವೊಲ–ಪುಲಿಗೆರೆ ಪ್ರಾಂತದ ದೃಷ್ಟಿಯಿಂದ ಒಂದು ವಿಚಾರ

ಕನ್ನಡ ಅರಸರು ಕಡಲ ಮೇಲೆ ದಂಡೆತ್ತಿ ಹೋದರೆಂಬುದಕ್ಕೆ ಶಾಸನಾಧಾರಗಳು ಸಾಕಷ್ಟು ಇವೆ. ಆ ಆಧಾರಗಳನ್ನು ಮುಂದಿಟ್ಟುಕೊಂಡು, ನಮ್ಮಲ್ಲಿ ಪ್ರಾಚೀನಕಾಲದಿಂದಲೂ ಸುಶಿಕ್ಷಿತವಾದ ನೌಕಾದಳವಿದ್ದಿತೆಂದು ಹೇಳುವುದು ವಾಡಿಕೆಯಾಗಿದೆ. ಆದರೆ ಹಡಗುಗಳಿದ್ದುವು ಎಂಬುದು ಒಂದು ಮಾತು. ಹಡಗುಗಳನ್ನು ಆಳತಕ್ಕ ಅಧಿಕಾರಿಗಳನ್ನು ಸಿದ್ಧಪಡಿಸುವ ಶಿಕ್ಷಣಕ್ರಮವಿದ್ದಿತು ಎಂಬುದು ಮತ್ತೊಂದು ಮಾತು. ಮೊದಲನೆಯದು ಸಿದ್ಧವಾದ ಮಾತ್ರಕ್ಕೆ ಎರಡನೆಯದು ಸಿದ್ಧವಾಗಲಾರದು. ಈ ಎರಡನೆಯ ಪ್ರಶ್ನೆಯನ್ನು ಗದಗು–ಬೆಟಗೇರಿ, ಲಕ್ಷ್ಮೇಶ್ವರ, ಶಿರಹಟ್ಟಿ, ಮುಂಡರಗಿಗಳ ಪ್ರಾಂತದಲ್ಲಿ ನಿಂತು ವಿಚಾರಿಸುವುದೇ ಈ ಲೇಖನದ ಉದ್ದೇಶ.

ಸಮುದ್ರದಿಂದ ದೂರವಾದ ಈ ಎರೆಯ ಭೂಮಿಗೂ ನೌಕಾಶಿಕ್ಷಣಕ್ಕೂ ಏನು ಸಂಬಂಧವೆಂದು ವಾಚಕರು ಕೇಳಬಹುದು. ಸಂಬಂಧವುಂಟು. ಬೆಳ್ವೊಲ ಮುನ್ನೂರು, ಪುಲಿಗೆರೆ ಮುನ್ನೂರು ಎಂಬ ಈ ಎರಡು ನಾಡುಗಳು ಕೂಡಿ ಶಾಸನಗಳಲ್ಲಿ ‘ಎರಡರುನೂರು’ ಎಂದು ಪ್ರಸಿದ್ಧವಾಗಿವೆ. ಚಾಲುಕ್ಯ, ರಾಷ್ಟ್ರಕೂಟ ಸಾಮ್ರಾಜ್ಯಗಳ ದಂಡನಾಯಕರು ಅಧಿಕಾರ ನಡೆಸಿದುದು ಇಂತಹ ಒಳನಾಡುಗಳಲ್ಲಿ. ಕಡಲಿನ ಮೇಲೆ ಆಜ್ಞೆ ಮಾಡಿದ ಪ್ರಭುತ್ವವು ಒಳನಾಡಿನದಾಗಿದ್ದಿತು. ಆ ಆಜ್ಞೆಯನ್ನು ನಡೆಸಿಕೊಟ್ಟ ವಿದ್ಯೆಯು ಕರಾವಳಿಯವರದಾಗಿದ್ದಿತು. ನಮ್ಮ ನೌಕಾಚರಿತ್ರೆಯ ಬಲವೂ ದೌರ್ಬಲ್ಯವೂ ಈ ಭೇದದಲ್ಲಿಯೇ ಅಡಗಿವೆಯೆಂದು ನನ್ನ ಅಭಿಪ್ರಾಯ.

ಮೊದಲು ಶಾಸ್ತ್ರಗ್ರಂಥಗಳನ್ನು ನೋಡೋಣ. ಮೈಸೂರಿನಲ್ಲಿ ಆರ್. ಶಾಮಶಾಸ್ತ್ರಿಗಳು 1909ರಲ್ಲಿ ಪ್ರಕಟಿಸಿದ ಕೌಟಿಲೀಯ ಅರ್ಥಶಾಸ್ತ್ರದಲ್ಲಿ ನಾವಧ್ಯಕ್ಷನೆಂಬ ಅಧಿಕಾರಿಗೆ ಒಂದು ಅಧ್ಯಾಯವೇ ಮೀಸಲಾಗಿದೆ. ಮಹಾನೌಕೆಗಳಲ್ಲಿ ಶಾಸಕ, ನಿಯಾಮಕ, ದಾತ್ರರಶ್ಮಿಗ್ರಾಹಕ, ಉತ್ಸೇಚಕ ಎಂಬ ನಾಲ್ಕು ಬಗೆಯ ಜನರಿರಬೇಕೆಂದು ಅಲ್ಲಿ ವಿಧಿಸಿದೆ. ಶಾಸಕನು ಆಜ್ಞಾಪಿಸುವವನು, ನಿಯಾಮಕನು ದಾರಿ ಹಿಡಿದು ನಡೆಸುವವನು, ಮೂರನೆಯವನು ಕುಡುಗೋಲನ್ನೂ ಹಗ್ಗವನ್ನೂ ಹಿಡಿಯುವವನು, ಉತ್ಸೇಚಕನು ಒಳಬಂದ ನೀರನ್ನು ಎತ್ತಿ ಚೆಲ್ಲುವವನು. ಶಾಸಕನೂ ನಿಯಾಮಕನೂ ಇಲ್ಲಿ ಬೇರೆ ಬೇರೆಯಾಗಿರುವುದನ್ನು ಗಮನಿಸಬೇಕು. ಅದೇ ಗ್ರಂಥದ ವಿನಯಾಧಿಕರಣದಲ್ಲಿ ರಾಜಪುತ್ರನ ದಿನಚರ್ಯೆಯನ್ನು ಹೇಳುವಾಗ, ಹಗಲಿನ ಪೂರ್ವಭಾಗದಲ್ಲಿ ಆನೆ, ಕುದುರೆ, ರಥ, ಆಯುಧಗಳ ವಿದ್ಯೆಯನ್ನೂ ಅಪರಭಾಗದಲ್ಲಿ ಇತಿಹಾಸಶ್ರವಣವನ್ನೂ ವಿಧಿಸಿದೆ. ಈ ಪಾಠಕ್ರಮದಲ್ಲಿ ನೌಕೆಯ ಹೆಸರಿಲ್ಲ. ನಾವಧ್ಯಕ್ಷನ ಅಧ್ಯಾಯವಾದರೂ ಬಹುಪಾಲು ಸುಂಕ, ದೋಣಿಯ ಕೂಲಿ, ಹಾಯ್ಗಡ ಮೊದಲಾದ ಲೆಕ್ಕಾಚಾರಗಳಿಗೇ ಮೀಸಲಾಗಿದೆ.

ಹಾಗಾದರೆ ನೌವಿದ್ಯೆ ಎಲ್ಲಿದ್ದಿತು? ಆರ್ಯಶೂರನ ಜಾತಕಮಾಲೆಯಲ್ಲಿ ಬರುವ ಸುಪಾರಗನ ಕಥೆ ಇದಕ್ಕೆ ಉತ್ತರ ಕೊಡುತ್ತದೆ. ನಕ್ಷತ್ರಗತಿ, ನೀರಿನ ಬಣ್ಣ, ಮೀನು, ಹಕ್ಕಿ, ತಳದ ಮಣ್ಣು ಮುಂತಾದ ಚಿಹ್ನೆಗಳಿಂದ ದಿಕ್ಕನ್ನೂ ಸ್ಥಳವನ್ನೂ ಅರಿಯುವ ಆ ನಿಯಾಮಕನನ್ನು ವರ್ತಕರು, ಅವನು ಮುದುಕನಾಗಿ ಕಣ್ಣು ಮಂಜಾದ ಮೇಲೆಯೂ, ಬೇಡಿಕೊಂಡು ಹಡಗಿಗೆ ಕರೆದೊಯ್ಯುತ್ತಾರೆ. ವಿದ್ಯೆಯು ಪುಸ್ತಕದಲ್ಲಿಲ್ಲ, ಪುರುಷನಲ್ಲಿದೆ ಎಂಬುದು ಈ ಕಥೆಯಿಂದ ಸ್ಪಷ್ಟ. ಭೋಜನ ಹೆಸರಿನಲ್ಲಿ ಪ್ರಸಿದ್ಧವಾದ ಯುಕ್ತಿಕಲ್ಪತರುವಿನಲ್ಲಿ ನೌಕೆಗಳ ಮರ, ಅಳತೆ, ಭೇದಗಳು ವರ್ಣಿತವಾಗಿವೆ; ನಾವಿಕನ ಶಿಕ್ಷಣಕ್ರಮವು ಅಲ್ಲಿಯೂ ಇಲ್ಲ.

ಇನ್ನು ಶಾಸನಗಳಿಗೆ ಬರೋಣ. ಕ್ರಿ. ಶ. 634ರ ಐಹೊಳೆಯ ಶಾಸನದಲ್ಲಿ ರವಿಕೀರ್ತಿಯು ಇಮ್ಮಡಿ ಪುಲಕೇಶಿಯ ಪುರೀ ಮುತ್ತಿಗೆಯನ್ನು ವರ್ಣಿಸುತ್ತ, ಮದಗಜಗಳಂತಹ ನೂರಾರು ನೌಕೆಗಳನ್ನು ಹೇಳುತ್ತಾನೆ. ಕವಿಗೆ ಹಡಗು ಕಂಡೊಡನೆ ನೆನಪಾದುದು ಆನೆ! ಇದು ಕೇವಲ ಅಲಂಕಾರವೆಂದು ತಳ್ಳಿಹಾಕತಕ್ಕುದಲ್ಲ. ಆನೆಯ ದಂಡನ್ನು ನಡೆಸಿ ಬಲ್ಲ ಪ್ರಭುವು ಹಡಗನ್ನೂ ಮತ್ತೊಂದು ವಾಹನವೆಂದೇ ಎಣಿಸಿದನೆಂಬ ಧ್ವನಿ ಅದರಲ್ಲಿದೆ. ಮಂಗಳೇಶನು ರೇವತೀದ್ವೀಪವನ್ನು ಗೆದ್ದುದನ್ನು ಹೇಳುವಾಗ ನೌಕೆಗಳ ಸೇತುವೆ ಕಟ್ಟಿ ದಾಟಿದನೆಂಬ ವರ್ಣನೆಯು, ಆ ಕಾಲಕ್ಕೆ ನಾಲ್ಕು ಶತಮಾನಗಳ ತರುವಾಯದ, ಐದನೆಯ ವಿಕ್ರಮಾದಿತ್ಯನ ಕೌಠೇಂ ತಾಮ್ರಪಟಗಳಲ್ಲಿ ಕಾಣುತ್ತದೆ. ಧಾರವಾಡದ ಸಮೀಪದ ನರೇಂದ್ರದ ಶಾಸನದಲ್ಲಿ (ಕ್ರಿ. ಶ. 1125) ಗೋವೆಯ ಕದಂಬರ ಚಟ್ಟಯ್ಯದೇವನು ಲಂಕೆಯವರೆಗೂ ಹಡಗುಗಳ ಸೇತುವೆ ಕಟ್ಟಿದನೆಂದಿದೆ. ಒಂದೇ ಕಲ್ಪನೆ ಎರಡು ವಂಶಗಳ ಪ್ರಶಸ್ತಿಗಳಲ್ಲಿ ಬರುವುದರಿಂದ, ನೌಕಾಸೇತುವೆಂಬುದು ರಾಮಾಯಣದ ಸೇತುಬಂಧವನ್ನು ನೆನಪಿಗೆ ತರುವ ಕವಿಸಮಯವಾಗಿ ಬೆಳೆದಿತೆಂದು ತೋರುತ್ತದೆ. ಕದಂಬರಿಗೆ ಹಡಗುಗಳೇ ಇರಲಿಲ್ಲವೆಂದು ಇದರ ಅರ್ಥವಲ್ಲ. ಗೋಪಕಪಟ್ಟಣವನ್ನು ಆಳಿದವರಿಗೆ ಅವು ಇಲ್ಲದೆ ನಡೆಯುತ್ತಿರಲಿಲ್ಲ. ಆದರೆ ಇಂತಹ ಪ್ರಶಸ್ತಿವಾಕ್ಯದಿಂದ ಹಡಗುಗಳ ಸಂಖ್ಯೆಯನ್ನಾಗಲಿ ನಾಯಕರ ಶಿಕ್ಷಣವನ್ನಾಗಲಿ ಊಹಿಸುವುದು ಯುಕ್ತವಲ್ಲ.

ಭೂಸೈನ್ಯದ ಅಧಿಕಾರಿಗಳ ವಿಷಯದಲ್ಲಾದರೋ ನಮ್ಮ ಪ್ರಾಂತವು ಸ್ಪಷ್ಟವಾದ ಸಾಕ್ಷಿಯನ್ನು ಕೊಡುತ್ತದೆ. ಲಕ್ಕುಂಡಿಯಲ್ಲಿ ಬಸದಿಯನ್ನು ಕಟ್ಟಿಸಿದ ಅತ್ತಿಮಬ್ಬೆಯ ಕುಟುಂಬವನ್ನೇ ನೋಡಬಹುದು. ಅವಳ ತಂದೆ ಮಲ್ಲಪಯ್ಯ, ಮಾವ ದಲ್ಲಪ, ಪತಿ ನಾಗದೇವ, ಮಗ ಪಡೆವಳ ತೈಲ, ಇವರೆಲ್ಲರೂ ರಾಜಸೇವೆಯಲ್ಲಿದ್ದವರು. ಇಲ್ಲಿ ಮನೆಯೇ ಪಾಠಶಾಲೆ, ಹಿರಿಯರೇ ಗುರುಗಳು. ಪುಲಿಗೆರೆಯ ತಿರುಳ್ಗನ್ನಡವನ್ನು ಮೆಚ್ಚಿದ ಪಂಪನು ಕವಿಯೂ ಹೌದು, ಕಲಿಯೂ ಹೌದು. ಅವನ ವಿಕ್ರಮಾರ್ಜುನವಿಜಯದಲ್ಲಿ ಕುರುಪಾಂಡವಕುಮಾರರು ದ್ರೋಣನಿಂದ ಅಸ್ತ್ರವಿದ್ಯೆಯನ್ನು ಕಲಿಯುವ ಪ್ರಸಂಗವನ್ನು ಸಾಹಿತ್ಯೋಪಾಧ್ಯಾಯರು ಪಾಠ ಹೇಳುತ್ತಲೇ ಬಂದಿದ್ದಾರೆ. ಬಿಲ್ಲಿಗೆ ದ್ರೋಣನುಂಟು, ನಮ್ಮ ಕಾವ್ಯಲೋಕದಲ್ಲಿ ಚುಕ್ಕಾಣಿಗೆ ಅಂತಹ ಗುರುವಿನ ಪ್ರಸಿದ್ಧಿಯಿಲ್ಲ.

ಆಜ್ಞೆ ಮಾಡುವವನೂ ವಿದ್ಯೆ ಬಲ್ಲವನೂ ಬೇರೆಯಾಗಿದ್ದರೆ ಆಗುವ ಅನರ್ಥವು 18ನೆಯ ಶತಮಾನದಲ್ಲಿ ಪ್ರತ್ಯಕ್ಷವಾಯಿತು. ಹೈದರಾಲಿಯು ಕೆನರಾ ತೀರದಲ್ಲಿ ನೌಕಾದಳವೊಂದನ್ನು ಕೂಡಿಸಿ, ಅದರ ಮೇಲಧಿಕಾರವನ್ನು ಅಶ್ವದಳದ ಸರದಾರನಾದ ಲುತ್ಫ್ ಅಲಿ ಬೇಗನಿಗೆ ವಹಿಸಿದನು. 1768ರಲ್ಲಿ ಮುಂಬಯಿಯಿಂದ ಇಂಗ್ಲಿಷರ ಹಡಗುಗಳು ಬಂದಾಗ, ಕುದುರೆಯ ಸರದಾರನ ಕೈಕೆಳಗೆ ಇರಲು ಮನಸ್ಸಿಲ್ಲದ ನೌಕಾನಾಯಕರು ತಮ್ಮ ಹಡಗುಗಳೊಡನೆ ಶತ್ರುಪಕ್ಷವನ್ನೇ ಸೇರಿದರು. ಹಡಗುಗಳನ್ನು ಕಟ್ಟಲು ಹಣವಿದ್ದಿತು, ಮರವಿದ್ದಿತು, ಕಮ್ಮಾರರೂ ಬಡಗಿಗಳೂ ಇದ್ದರು. ಸಮುದ್ರವನ್ನು ಬಲ್ಲವನಾಗಿ ಪ್ರಭುವಿಗೂ ನಂಬುಗೆಯವನಾದ ಅಧಿಕಾರಿಯೊಬ್ಬನು ಮಾತ್ರ ಇರಲಿಲ್ಲ.

ಟಿಪ್ಪುವು ಈ ಕೊರತೆಯನ್ನು ಮನಗಂಡಿದ್ದನೆಂದು ಅವನು 1796ರಲ್ಲಿ ಹೊರಡಿಸಿದ ನಿರೂಪಗಳಿಂದ ಊಹಿಸಬಹುದು. 20 ದೊಡ್ಡ ಯುದ್ಧನೌಕೆಗಳನ್ನೂ 20 ಫ್ರಿಗೇಟುಗಳನ್ನೂ ಕಟ್ಟಿಸುವುದೆಂದು ನಿಶ್ಚಯಿಸಿ, ಅವುಗಳಿಗೆ ಕ್ರಮವಾಗಿ 72 ಮತ್ತು 46 ತೋಪುಗಳನ್ನು ಗೊತ್ತುಮಾಡಿದನು. ‘ಮೀರ್ ಯಮ್’ ಎಂಬ 11 ಮಂದಿಯ ಮಂಡಲಿಯನ್ನೂ ಅದರ ಕೈಕೆಳಗೆ ‘ಮೀರ್ ಬಹರ್’ ಎಂಬ 30 ಮಂದಿ ಅಧಿಕಾರಿಗಳನ್ನೂ ಏರ್ಪಡಿಸಿದನು. ಮಂಗಳೂರು, ಸದಾಶಿವಗಡ ಮೊದಲಾದುವು ನೆಲೆಗಳೆಂದು ನಿಯಮಿಸಲ್ಪಟ್ಟುವು. ನೌಕಾಧಿಕಾರವನ್ನು ಭೂಸೈನ್ಯದ ಬಾಲವಾಗಿಸದೆ ಪ್ರತ್ಯೇಕ ಶ್ರೇಣಿಯಾಗಿ ಬರಹದಲ್ಲಿ ಗೊತ್ತುಪಡಿಸಿದ ಈ ಯೋಜನೆಯು ನಮ್ಮ ಚರಿತ್ರೆಯಲ್ಲಿ ಗಣನೀಯವಾದುದು. ಆದರೆ ಅಧಿಕಾರಿಯು ನಿರೂಪದಿಂದ ಹುಟ್ಟುವುದಿಲ್ಲ. ಅವನು ಬೆಳೆಯಲು ವರ್ಷಗಳು ಬೇಕು. 1799ರಲ್ಲಿ ಶ್ರೀರಂಗಪಟ್ಟಣವು ಬಿದ್ದುದರಿಂದ ಆ ವರ್ಷಗಳು ದೊರೆಯಲಿಲ್ಲ.

ಆಂಗ್ಲರ ಆಳಿಕೆಯಲ್ಲಿ ನಮ್ಮ ಪ್ರಾಂತವು ಹರಿದು ಹಂಚಿಹೋಯಿತು. ಗದಗು, ಮುಂಡರಗಿಗಳು ಮುಂಬಯಿ ಇಲಾಖೆಯ ಧಾರವಾಡ ಜಿಲ್ಲೆಯಲ್ಲಿದ್ದುವು. ಶಿರಹಟ್ಟಿಯು ಸಾಂಗಲಿ ಸಂಸ್ಥಾನಕ್ಕೂ ಲಕ್ಷ್ಮೇಶ್ವರವು ಮಿರಜ ಸಂಸ್ಥಾನಕ್ಕೂ ಸೇರಿದ್ದುವು. 1858ರಲ್ಲಿ ಮುಂಡರಗಿಯ ಭೀಮರಾಯನು ಬಂಡೆದ್ದು ಕೊಪ್ಪಳದ ಕೋಟೆಯಲ್ಲಿ ಮಡಿದನು. ಇಂತಹ ಮನೆತನಗಳ ಕೈಯಿಂದ ಆಯುಧವು ಜಾರಿದ ಮೇಲೆ, ಮನೆಯಲ್ಲಿಯೇ ದಂಡನಾಯಕರು ಬೆಳೆಯುತ್ತಿದ್ದ ಪದ್ಧತಿಯೂ ಮುಗಿಯಿತು. ಹೊಸ ಪದ್ಧತಿಯ ಬಾಗಿಲಾದರೂ ಬಹುಕಾಲ ಮುಚ್ಚಿಯೇ ಇದ್ದಿತು. ಭಾರತೀಯನೊಬ್ಬನಿಗೆ ರಾಜನೌಕಾಸೇವೆಯಲ್ಲಿ ಅಧಿಕಾರಿಯ ಪದವಿ ಮೊದಲು ದೊರೆತುದು 1928ರಲ್ಲಿ. ಅದರ ಹಿಂದಿನ ವರ್ಷ, ಎಂದರೆ 1927ರಲ್ಲಿ, ಮುಂಬಯಿ ಬಂದರಿನಲ್ಲಿ ‘ಡಫರಿನ್’ ಎಂಬ ಹಡಗನ್ನು ತೇಲುವ ಪಾಠಶಾಲೆಯನ್ನಾಗಿ ಮಾಡಿ ವ್ಯಾಪಾರನೌಕೆಗಳ ಕೆಡೆಟರನ್ನು ಶಿಕ್ಷಿಸತೊಡಗಿದರು. ಇದರ ಮೊದಲ ತಂಡದ ರಾಮದಾಸ ಕಟಾರಿಯವರೇ 1958ರಲ್ಲಿ ಭಾರತೀಯ ನೌಕಾಪಡೆಯ ಪ್ರಥಮ ಭಾರತೀಯ ಮುಖ್ಯಸ್ಥರಾದರು. ಶಾಸಕನೂ ನಿಯಾಮಕನೂ ಒಬ್ಬನೇ ಆಗಬೇಕೆಂಬ ತತ್ತ್ವವು ಇಲ್ಲಿ ಕಾರ್ಯರೂಪಕ್ಕೆ ಬಂದಿತು: ಹಗ್ಗ ಹಿಡಿಯಲು ಕಲಿತವನೇ ಮುಂದೆ ಆಜ್ಞಾಪಿಸುವನು.

ಆದರೂ ವಿದ್ಯೆಯೊಂದೇ ಸಾಲದೆಂಬುದನ್ನು 1946ರ ಫೆಬ್ರವರಿ 18ರಂದು ಮುಂಬಯಿಯ ‘ತಲ್ವಾರ್’ ಎಂಬ ಸಂಕೇತಶಿಕ್ಷಣ ನೆಲೆಯಲ್ಲಿ ಎದ್ದ ನಾವಿಕರ ಬಂಡಾಯವು ತೋರಿಸಿಕೊಟ್ಟಿತು. ಸ್ವಾತಂತ್ರ್ಯದ ಹಂಬಲ ಅದರ ಹಿಂದೆ ಇದ್ದುದು ನಿಜ. ಅದರೊಡನೆ ಕೆಟ್ಟ ಆಹಾರ, ಮೇಲಧಿಕಾರಿಯ ಅವಾಚ್ಯ ನುಡಿ ಇವುಗಳೂ ಕಿಡಿಯಾದುವು. ಸುಮಾರು 20,000 ನಾವಿಕರು ಅದರಲ್ಲಿ ಸೇರಿದರು. ಅಲ್ಲಿಯ ಅಧಿಕಾರಿಗಳಿಗೆ ನೌವಿದ್ಯೆ ತಿಳಿಯದೆ ಇರಲಿಲ್ಲ, ಕೊರತೆಯಾದುದು ವಿನಯ.

ಈ ಸ್ಥಳದಲ್ಲಿ ಲಕ್ಷ್ಮೇಶ್ವರದ ಒಂದು ಶಾಸನವನ್ನು ಸ್ಮರಿಸಬೇಕಾಗಿದೆ. ಕ್ರಿ. ಶ. 725ರ ಸುಮಾರಿಗೆ, ಚಾಲುಕ್ಯ ಯುವರಾಜ ವಿಕ್ರಮಾದಿತ್ಯನು ಪೊರಿಗೆರೆಯ ಮಹಾಜನರಿಗೂ ನಗರಕ್ಕೂ ಹದಿನೆಂಟು ಪ್ರಕೃತಿಗಳಿಗೂ ಆಚಾರವ್ಯವಸ್ಥೆಯನ್ನು ಕನ್ನಡದಲ್ಲಿ ಕೊಟ್ಟನು. ಊರವರು ಸಲ್ಲಿಸತಕ್ಕ ತೆರಿಗೆ ಎಷ್ಟೆಂದು ಹೇಳುವಂತೆ, ರಾಜಪುರುಷರು ಕಾಪಾಡತಕ್ಕುದು ಏನೆಂಬುದನ್ನೂ ಅದು ಹೇಳುತ್ತದೆ: ಒಡೆಯರಿಲ್ಲದ ಮನೆ, ಅರಸನ ದತ್ತಿ, ರಾಜಶಾಸನ, ಹಿಂದಿನಿಂದ ಅನುಭೋಗದಲ್ಲಿರುವ ಸ್ವತ್ತು ಇತ್ಯಾದಿ. ಇದು ನೌಕಾಶಿಕ್ಷಣದ ಗ್ರಂಥವಲ್ಲವೆಂಬುದು ಸರಿಯೇ. ಆದರೆ ಅಧಿಕಾರಿಯು ಕೈಕೆಳಗಿನವರಿಗೆ ಬದ್ಧನಾಗಿರಬೇಕೆಂಬ ಮಾತನ್ನು ಸಾರ್ವಜನಿಕವಾಗಿ ಕಲ್ಲಿನಲ್ಲಿ ಬರೆಯಿಸಿ ನಿಲ್ಲಿಸಿದ ಊರು ಇದು. ಯಾವ ಅಧಿಕಾರಿಶಿಕ್ಷಣಕ್ಕಾದರೂ ಇದಕ್ಕಿಂತ ಉತ್ತಮವಾದ ಮೊದಲ ಪಾಠ ಬೇಕಾಗಲಾರದು. ಸಂಸ್ಕೃತದಲ್ಲಿ ‘ವಿನಯ’ವೆಂಬ ಶಬ್ದಕ್ಕೆ ಶಿಕ್ಷಣವೆಂದೂ ನಮ್ರತೆಯೆಂದೂ ಎರಡು ಅರ್ಥಗಳು ಕೂಡಿಯೇ ಇರುವುದು ಆಕಸ್ಮಿಕವಲ್ಲ.

ಸ್ವತಂತ್ರಭಾರತದಲ್ಲಿ ಈ ಶಿಕ್ಷಣವು ಕ್ರಮಬದ್ಧವಾಗಿದೆ. 1949ರಲ್ಲಿ ದೆಹರಾದೂನಿನಲ್ಲಿ ಮೂರು ದಳಗಳ ಕೆಡೆಟರಿಗೂ ಕೂಡಿ ಶಿಕ್ಷಣವು ಆರಂಭವಾಗಿ, 1955ರಿಂದ ಪುಣೆಯ ಹತ್ತಿರದ ಖಡಕವಾಸಲೆಯಲ್ಲಿ ಸ್ಥಿರವಾಯಿತು. ಅಲ್ಲಿ ಮೂರು ವರ್ಷಗಳ ವಿದ್ಯಾಭ್ಯಾಸವಾದ ಮೇಲೆ ನೌಕಾಶಾಖೆಯವರು ಕೇರಳದ ಎಳಿಮಲೆಗೆ ಹೋಗುತ್ತಾರೆ. ನೌಕಾ ಅಕಾಡೆಮಿಯು 1969ರಲ್ಲಿ ಕೊಚ್ಚಿಯಲ್ಲಿ ಪ್ರಾರಂಭವಾಗಿ, 1986ರಲ್ಲಿ ಗೋವೆಗೆ ಸಾಗಿ, 2009ರಲ್ಲಿ ಎಳಿಮಲೆಯಲ್ಲಿ ನೆಲಸಿತು. ಅತುಲನ ಮೂಷಿಕವಂಶವೆಂಬ ಸಂಸ್ಕೃತಕಾವ್ಯದ ಅರಸರು ಆಳಿದ ನೆಲವೇ ಇದು. ದ್ವಿತೀಯ ಪಿ. ಯು. ತರಗತಿಯಲ್ಲಿ ಭೌತಶಾಸ್ತ್ರ, ಗಣಿತಗಳನ್ನು ಓದಿದವರು ಲೋಕಸೇವಾ ಆಯೋಗದ ಪರೀಕ್ಷೆಯಿಂದ ಖಡಕವಾಸಲೆಯನ್ನು ಸೇರಬಹುದು. 2022ರಿಂದ ಹೆಣ್ಣುಮಕ್ಕಳಿಗೂ ಆ ಬಾಗಿಲು ತೆರೆದಿದೆ. ಅಕಾಡೆಮಿಯ ಪಾಠ ಮುಗಿದ ಮೇಲೆ ಕೊಚ್ಚಿಯ ಶಿಕ್ಷಣನೌಕೆಗಳಲ್ಲಿ ಕಡಲಿನ ಅನುಭವವನ್ನು ಪಡೆಯಬೇಕು. ಹಾಯಿಗಳಿಂದಲೇ ಸಾಗುವ ‘ತರಂಗಿಣಿ’ಯನ್ನು ಇಂದಿಗೂ ಇದಕ್ಕಾಗಿ ಬಳಸುತ್ತಾರೆ. ಗಾಳಿಯನ್ನೂ ನೀರನ್ನೂ ಅರಿಯುವ ಸುಪಾರಗನ ವಿದ್ಯೆಯನ್ನು ಯಂತ್ರಯುಗವೂ ಕೈಬಿಟ್ಟಿಲ್ಲ.

ನಮ್ಮ ಒಳನಾಡಿನ ಬಾಲಕರಿಗೆ ಈ ದಾರಿ ದೂರವಾಗಿಲ್ಲ. ಸೈನ್ಯಾಧಿಕಾರಕ್ಕೆ ಬಾಲಕರನ್ನು ಸಿದ್ಧಪಡಿಸುವ ಸೈನಿಕ ಶಾಲೆಯು ವಿಜಯಪುರದಲ್ಲಿ 1963ರಲ್ಲಿ ಸ್ಥಾಪಿತವಾಯಿತು. 2005ರಲ್ಲಿ ಕಾರವಾರದಲ್ಲಿ ಸೇವೆಗೆ ಸೇರಿದ ನೌಕಾನೆಲೆಗೆ ‘ಕದಂಬ’ವೆಂಬ ಹೆಸರಿಟ್ಟಿದ್ದಾರೆ. ಹೆಸರು ಹಳೆಯದು, ಅದರ ಹಿಂದಿರುವ ಶಿಕ್ಷಣವ್ಯವಸ್ಥೆಯು ಹೊಸದು. ಈ ಎರಡನ್ನೂ ಬೆರೆಸಿ, ಇಂದಿನದೆಲ್ಲವೂ ಅಂದೇ ಇದ್ದಿತೆಂದು ಹೇಳಿದರೆ ನಾವು ಪೂರ್ವಜರಿಗೆ ಗೌರವ ತೋರಿದಂತಾಗುವುದಿಲ್ಲ. ಮಕ್ಕಳಿಗೆ ಚರಿತ್ರೆಯನ್ನು ಕಲಿಸಿದಂತೆಯೂ ಆಗುವುದಿಲ್ಲ.

ಒಟ್ಟಿನಲ್ಲಿ ಹೇಳುವುದಾದರೆ, ಪ್ರಾಚೀನ ಕನ್ನಡ ನಾಡಿನಲ್ಲಿ ನೌಕಾಬಲವಿದ್ದಿತು, ನೌವಿದ್ಯೆಯಿದ್ದಿತು, ಅಧಿಕಾರಿಯ ಧರ್ಮವೇನೆಂಬ ತಿಳಿವಳಿಕೆಯೂ ಇದ್ದಿತು. ಆದರೆ ಬಲವು ಅರಸನಲ್ಲಿ, ವಿದ್ಯೆಯು ಕರಾವಳಿಯ ನಾವಿಕನಲ್ಲಿ, ಧರ್ಮವು ಪುಲಿಗೆರೆಯ ಕಲ್ಲಿನಲ್ಲಿ, ಹೀಗೆ ಮೂರೂ ಮೂರು ಕಡೆಯಲ್ಲಿದ್ದುವು. ಇವುಗಳನ್ನು ಒಬ್ಬ ತರುಣನಲ್ಲಿ ಕೂಡಿಸುವುದೇ ಅಧಿಕಾರಿಶಿಕ್ಷಣದ ಸಾರ. ಗದಗಿನ ಶಾಲೆಗಳಲ್ಲಿ ಐಹೊಳೆಯ ಶಾಸನವನ್ನು ಪಾಠ ಹೇಳುವ ಉಪಾಧ್ಯಾಯರು ಅದರ ಬೆನ್ನಿಗೇ ಲಕ್ಷ್ಮೇಶ್ವರದ ಆಚಾರವ್ಯವಸ್ಥೆಯನ್ನೂ ವಿವರಿಸಿದರೆ, ನೂರಾರು ನೌಕೆಗಳ ವೈಭವದೊಡನೆ ಆ ನೌಕೆಗಳನ್ನು ಆಳತಕ್ಕವನ ಹೊಣೆಯೂ ವಿದ್ಯಾರ್ಥಿಗಳ ಮನಸ್ಸಿನಲ್ಲಿ ನಿಲ್ಲುವುದು.