ಬಾಗಿಲು ತೆರೆದವರ ಪುಸ್ತಕ

ಮನೆಮಂದಿಯೊಡನೆ ದೂರದೂರಿಗೆ ಹೊರಡುವಾಗ ನಾವು ಏನೆಲ್ಲ ಯೋಚಿಸುತ್ತೇವೆ? ಗಾಡಿಗೆ ಪೆಟ್ರೋಲ್ ಇದೆಯೇ, ಮಕ್ಕಳಿಗೆ ತಿಂಡಿ ಕಟ್ಟಿಕೊಂಡೆವೇ, ನಮಾಝಿಗೆ ಎಲ್ಲಿ ನಿಲ್ಲಿಸೋಣ? 1930ರ ದಶಕದ ಅಮೆರಿಕದಲ್ಲಿ ಕಪ್ಪುವರ್ಣೀಯ ಕುಟುಂಬಕ್ಕೆ ಇನ್ನೊಂದು ಚಿಂತೆಯೂ ಇತ್ತು. ಕತ್ತಲಾದ ಮೇಲೆ ನಮ್ಮನ್ನು ಯಾರು ಒಳಗೆ ಬಿಡುತ್ತಾರೆ?

ರೈಲಿನಲ್ಲಿ ಬಿಳಿಯರಿಗೂ ಕಪ್ಪು ಜನರಿಗೂ ಬೇರೆ ಬೇರೆ ಬೋಗಿ ಇರಬೇಕೆಂಬ ಲೂಸಿಯಾನ ರಾಜ್ಯದ ಕಾನೂನನ್ನು ಅಲ್ಲಿನ ಸುಪ್ರೀಂ ಕೋರ್ಟ್ 1896ರಲ್ಲಿ ಎತ್ತಿಹಿಡಿದಿತ್ತು. ಬೇರೆಯಾದರೂ ಸಮಾನ ಎಂಬುದು ಅದರ ವಾದ. ಬೇರೆಯಂತೂ ಆಯಿತು, ಸಮಾನವಾಗಲಿಲ್ಲ. ಆದ್ದರಿಂದ ಮೋಟಾರು ಕಾರು ಬಂದಾಗ, ಶಕ್ತಿಯಿದ್ದ ಕಪ್ಪು ಕುಟುಂಬಗಳು ಅದನ್ನು ಆಸೆಯಿಂದ ಕೊಂಡವು. ಸ್ವಂತ ಗಾಡಿಯಲ್ಲಿ 'ಎದ್ದು ಹಿಂದೆ ಹೋಗು' ಎನ್ನುವವರಿಲ್ಲವಲ್ಲ!

ಆದರೆ ಕಾರು ನಿಲ್ಲಲೇಬೇಕು. ಕುಳಿತವರಿಗೆ ಊಟ, ನಿದ್ದೆ, ಶೌಚಾಲಯ ಬೇಕು. ಅಲ್ಲೆಲ್ಲ ಬಾಗಿಲು ಮುಚ್ಚಿತ್ತು. ಸೂರ್ಯ ಮುಳುಗುವ ಮೊದಲು ಕಪ್ಪು ಜನರು ಜಾಗ ಖಾಲಿಮಾಡಬೇಕೆಂದು ಬೋರ್ಡು ಹಾಕಿದ್ದ ಊರುಗಳೂ ಇದ್ದವು. ಎಷ್ಟೋ ಕುಟುಂಬಗಳು ಬುತ್ತಿ, ಹೊದಿಕೆಗಳನ್ನು ಹೊತ್ತು, ಕಾರಿನಲ್ಲೇ ರಾತ್ರಿ ಕಳೆಯುತ್ತಿದ್ದವು.

ನ್ಯೂಯಾರ್ಕಿನ ಹಾರ್ಲೆಮ್‌ನಲ್ಲಿ ವಿಕ್ಟರ್ ಹ್ಯೂಗೋ ಗ್ರೀನ್ ಎಂಬ ಅಂಚೆಯವರಿದ್ದರು. ಮನೆಮನೆಯ ವಿಳಾಸ ಬಲ್ಲ ಕೆಲಸ. ಕಪ್ಪು ಪ್ರಯಾಣಿಕರನ್ನು ಗೌರವದಿಂದ ಬರಮಾಡಿಕೊಳ್ಳುವ ಸ್ಥಳಗಳ ಪಟ್ಟಿಯನ್ನು ಅವರು 1936ರಲ್ಲಿ ಅಚ್ಚುಹಾಕಿಸಿದರು. ಅದೇ 'ಗ್ರೀನ್ ಬುಕ್'. ಮೊದಲು ನ್ಯೂಯಾರ್ಕಿನ ಸುತ್ತಮುತ್ತಲಿಗಷ್ಟೇ ಇದ್ದುದು ಕ್ರಮೇಣ ಇಡೀ ದೇಶಕ್ಕೆ ಹಬ್ಬಿತು. ಓದುಗರೇ ಹೊಸ ವಿಳಾಸ ಬರೆದು ಕಳುಹಿಸುತ್ತಿದ್ದರು. ಹೋಟೆಲು, ಗ್ಯಾರೇಜು, ಕ್ಷೌರದಂಗಡಿಗಳ ಜೊತೆಗೆ ಅದರಲ್ಲಿ ಸಾಮಾನ್ಯ ಮನೆಗಳೂ ಇದ್ದವು. ಹೋಟೆಲಿಲ್ಲದ ಊರಿನಲ್ಲಿ ಯಾರೋ ಒಬ್ಬ ತಾಯಿ ತನ್ನ ಮನೆಯ ಕೋಣೆಯೊಂದನ್ನು ದಾರಿಹೋಕರಿಗೆಂದು ಬಾಡಿಗೆಗೆ ಕೊಡುತ್ತಿದ್ದಳು.

ಅದೇ ಕಾರುಗಳು ಮುಂದೆ ಹೋರಾಟಕ್ಕೂ ಒದಗಿದವು. 1955ರ ಡಿಸೆಂಬರ್ 1ರಂದು ಮಾಂಟ್‌ಗೊಮರಿ ನಗರದ ಬಸ್ಸಿನಲ್ಲಿ ರೋಸಾ ಪಾರ್ಕ್ಸ್ ಸೀಟು ಬಿಟ್ಟುಕೊಡಲು ಒಪ್ಪದೆ ಬಂಧಿತರಾದರು. ಕಪ್ಪು ಜನರು 381 ದಿನ ಬಸ್ಸು ಹತ್ತಲಿಲ್ಲ. ಬಹಳ ಮಂದಿ ನಡೆದರು. ಕಾರಿದ್ದವರು ಇಲ್ಲದವರನ್ನು ಹತ್ತಿಸಿಕೊಂಡು ಕೆಲಸಕ್ಕೆ ಬಿಟ್ಟುಬಂದರು.

ಇದೇ ಕಥೆಗೆ ಇನ್ನೊಂದು ಮುಖವೂ ಇದೆ. 1956ರ ಕಾನೂನಿನಿಂದ ದೇಶದುದ್ದಕ್ಕೂ ಹೆದ್ದಾರಿಗಳು ಬಂದವು. ಅವು ಹಲವು ನಗರಗಳಲ್ಲಿ ಕಪ್ಪು ಜನರ ಕೇರಿಗಳನ್ನೇ ಸೀಳಿಕೊಂಡು ಹೋದವು. ಸೇಂಟ್ ಪಾಲ್ ನಗರದ ರೊಂಡೊ ಬಡಾವಣೆಯಲ್ಲಿ ನೂರಾರು ಕುಟುಂಬಗಳು ಮನೆ ಕಳೆದುಕೊಂಡವು. ಒಬ್ಬರ ಪ್ರಯಾಣ ಬೇಗ ಮುಗಿಯಲೆಂದು ಇನ್ನೊಬ್ಬರ ಅಂಗಳ ಹೋಯಿತು.

ಈ ಪುಸ್ತಕವೇ ಬೇಡವಾಗುವ ದಿನ ಬರಲಿ ಎಂಬುದು ಗ್ರೀನರ ಆಸೆಯಾಗಿತ್ತು. ಹೋಟೆಲುಗಳಲ್ಲಿ ವರ್ಣಭೇದವನ್ನು ನಿಷೇಧಿಸುವ ಕಾನೂನು 1964ರಲ್ಲಿ ಬಂತು. ಗ್ರೀನರು 1960ರಲ್ಲೇ ತೀರಿಕೊಂಡಿದ್ದರು. ಕೆಲವು ವರ್ಷಗಳಲ್ಲಿ ಪುಸ್ತಕವೂ ನಿಂತಿತು.

ಹೊಸ ಗಾಡಿ, ಹೊಸ ಯಂತ್ರ, ಹೊಸ ರಸ್ತೆ ಬಂದಾಗ ನಾವು ಸಂತೋಷಪಡುತ್ತೇವೆ, ಅದು ಸಹಜ. ಅದರ ಜೊತೆಗೆ, ಇದರಲ್ಲಿ ಯಾರಿಗೆ ಜಾಗವಿದೆ, ಯಾರು ಹೊರಗುಳಿದರು ಎಂದೂ ಕೇಳಿಕೊಳ್ಳೋಣ. ನಮ್ಮ ಬಾಗಿಲಿಗೆ ಅಪರಿಚಿತನೊಬ್ಬ ಬಂದಾಗ ಅವನ ಬಣ್ಣ, ಕುಲ, ಭಾಷೆ ನೋಡುವ ಮೊದಲು, ಊಟವಾಯಿತೇ ಎಂದು ಕೇಳೋಣ.