ಇಸ್ಪೀಟಿನ ಎಲೆಗೆ ಕ್ವಾಂಟಮ್ ಅಂಗಿ

ಗಿಳಿಶಾಸ್ತ್ರದವನ ಗಿಳಿ ಪಂಜರದಿಂದ ಹೊರಬಂದು, ಒಂದು ಚೀಟಿ ಎಳೆದುಕೊಟ್ಟು ಒಳಗೆ ಹೋಗುತ್ತದೆ. ಇದಕ್ಕೆ ಭೌತಶಾಸ್ತ್ರದ ಬೆಂಬಲವಿದೆ ಎಂದು ಅದರ ಯಜಮಾನ ಹೇಳಿಕೊಳ್ಳುವುದಿಲ್ಲ. ನಮ್ಮ ಐಟಿ ಊರುಗಳಲ್ಲಿ ಕೇಳಿಬರುವ 'ಕ್ವಾಂಟಮ್ ಟ್ಯಾರೋ' ಅಷ್ಟು ವಿನಯದ್ದಲ್ಲ. ಕೇಳುವವರ ಮನಸ್ಸೂ ಎಲೆಗಳೂ 'ಎಂಟ್ಯಾಂಗಲ್' ಆಗಿರುತ್ತವೆ, ಎಲೆ ತಿರುಗಿಸಿದ ಕ್ಷಣ ಭವಿಷ್ಯ ನಿಶ್ಚಿತವಾಗುತ್ತದೆ ಎನ್ನುತ್ತದೆ ಅದು. ಈ ಎರಡಕ್ಕೂ ಗಂಟು ಬಿದ್ದದ್ದು ಹೇಗೆ?

ಟ್ಯಾರೋ ಹುಟ್ಟಿದ್ದು ಆಟವಾಗಿ. 15ನೇ ಶತಮಾನದಲ್ಲಿ ಮಿಲಾನ್, ಫೆರಾರಾಗಳ ಸಿರಿವಂತರು ಆಡುತ್ತಿದ್ದ ಇಸ್ಪೀಟು ಅದು. ಮುಂದೆ ರೂಢಿಗೆ ಬಂದ 78 ಎಲೆಗಳ ಕಟ್ಟಿನಲ್ಲಿ 22 ಚಿತ್ರದ ತುರುಪುಗಳು. 1781ರಲ್ಲಿ ಫ್ರಾನ್ಸಿನ ಕೂರ್ ದ ಜೆಬೆಲಿನ್ ಇದು ಪ್ರಾಚೀನ ಈಜಿಪ್ಟಿನ ಜ್ಞಾನಗ್ರಂಥವೆಂದು ಬರೆದ. ಚಿತ್ರಲಿಪಿಯನ್ನು ಓದಬಲ್ಲವರು ಆಗ ಯಾರೂ ಇರಲಿಲ್ಲ. ಶಾಂಪೋಲಿಯನ್ ಅದನ್ನು ಬಿಡಿಸಿದ್ದು 1822ರಲ್ಲಿ. ಅಷ್ಟರೊಳಗೆ ಆಲಿಯೆಟ್ ಎಂಬಾತ ತನ್ನ ಹೆಸರನ್ನು ತಿರುಗುಮುರುಗಾಗಿಸಿ 'ಎತೆಯ್ಲಾ' ಆಗಿ, ಟ್ಯಾರೋ ಭವಿಷ್ಯದ ಪುಸ್ತಕ ಬರೆದು, ಅದಕ್ಕೆಂದೇ ಎಲೆಗಳನ್ನೂ ಅಚ್ಚು ಹಾಕಿಸಿದ್ದ.

20ನೇ ಶತಮಾನದಲ್ಲಿ ಬೆರಗಿನ ಜಾಗ ಪ್ರಯೋಗಾಲಯಕ್ಕೆ ಬಂತು. ಅಮೆರಿಕದ ಡ್ಯೂಕ್ ವಿಶ್ವವಿದ್ಯಾಲಯದಲ್ಲಿ ಜೆ. ಬಿ. ರೈನ್ ಐದು ಚಿಹ್ನೆಗಳ 25 ಎಲೆಗಳನ್ನಿಟ್ಟು ಮನೋಶಕ್ತಿ ಅಳೆಯಹೊರಟರು. ಸುಮ್ಮನೆ ಊಹಿಸಿದರೂ ಸರಾಸರಿ 5 ಸರಿಯಾಗುತ್ತವೆ. ತಮ್ಮವರು ಅದಕ್ಕಿಂತ ಹೆಚ್ಚು ಹೇಳಿದರೆಂದು 1934ರಲ್ಲಿ ಪುಸ್ತಕ ಬರೆದರು. ಬೇರೆಯವರು ಬಿಗಿಯಾಗಿ ಮಾಡಿ ನೋಡಿದಾಗ ಆ ಫಲಿತಾಂಶ ಉಳಿಯಲಿಲ್ಲ.

ಆದರೆ ಯೂಂಗ್ ಅದನ್ನು ಕೈಬಿಡಲಿಲ್ಲ. ಕಾರಣವಿಲ್ಲದೆಯೂ ಅರ್ಥಪೂರ್ಣವಾಗಿ ಘಟನೆಗಳು ಒಟ್ಟಿಗೆ ಕೂಡಿಬರುತ್ತವೆ ಎಂಬ ತಮ್ಮ ಪ್ರಬಂಧದಲ್ಲಿ ರೈನ್‌ರ ಎಲೆಗಳನ್ನು ಸಾಕ್ಷಿಯಾಗಿ ತಂದರು. 1952ರಲ್ಲಿ ಆ ಪ್ರಬಂಧ ಬಂದ ಪುಸ್ತಕದ ಇನ್ನೊಬ್ಬ ಲೇಖಕ ವುಲ್ಫ್‌ಗಾಂಗ್ ಪೌಲಿ, 1945ರ ನೊಬೆಲ್ ಪಡೆದ ಕ್ವಾಂಟಮ್ ವಿಜ್ಞಾನಿ. ಪೌಲಿ ಅಲ್ಲಿ ಬರೆದದ್ದು ಕೆಪ್ಲರ್ ಬಗ್ಗೆ. ಆದರೂ ಒಂದೇ ರಟ್ಟಿನೊಳಗೆ ಎಲೆಯೂ ಕ್ವಾಂಟಮ್ಮೂ ಸೇರಿದವು.

1970ರ ದಶಕದಲ್ಲಿ ಬರ್ಕ್ಲಿಯ ಕೆಲವು ಯುವ ಭೌತವಿಜ್ಞಾನಿಗಳು ಎಂಟ್ಯಾಂಗಲ್‌ಮೆಂಟ್ ಜೊತೆಗೆ ಟೆಲಿಪತಿಯನ್ನೂ ಚರ್ಚಿಸುತ್ತಿದ್ದರು. ಆ ಕೂಟದಲ್ಲಿದ್ದ ಜಾನ್ ಕ್ಲೌಸರ್, 1972ರಲ್ಲಿ ಸ್ಟುವರ್ಟ್ ಫ್ರೀಡ್‌ಮನ್ ಜೊತೆ ಜಾನ್ ಬೆಲ್‌ರ 1964ರ ಪ್ರಮೇಯವನ್ನು ಪ್ರಯೋಗಕ್ಕೆ ಒಡ್ಡಿದ್ದವರು. 2022ರ ನೊಬೆಲ್ ಅವರಿಗೂ ಸಂದಿತು.

ಆ ಪ್ರಯೋಗ ಹೇಳುವುದೇನು? ಕವುಚಿಟ್ಟ ಎಲೆಯ ಮೇಲೆ ಚಿತ್ರ ಆಗಲೇ ಇರುತ್ತದೆ, ಗೊತ್ತಿಲ್ಲದಿರುವುದು ನಮಗೆ ಮಾತ್ರ. ಪ್ರತಿ ಕಣವೂ ಹೀಗೆಯೇ ಉತ್ತರವನ್ನು ಮೊದಲೇ ಹೊತ್ತುಕೊಂಡಿದ್ದು, ದೂರದ ಜೋಡಿಯ ಮೇಲಿನ ಅಳತೆ ಅದನ್ನು ತಟ್ಟದಿದ್ದರೆ, ಎರಡರ ಫಲಿತಾಂಶಗಳ ಹೊಂದಾಣಿಕೆಗೆ ಒಂದು ಮಿತಿ ಇರಲೇಬೇಕು ಎಂದಿದ್ದರು ಬೆಲ್. ಪ್ರಯೋಗದಲ್ಲಿ ಆ ಮಿತಿ ಮುರಿಯಿತು. ಅಂದರೆ ಕ್ವಾಂಟಮ್ ಕಣ ಕವುಚಿಟ್ಟ ಎಲೆಯಂತಲ್ಲ! ಟ್ಯಾರೋ ಯಾವ ವಿಜ್ಞಾನದ ಹೆಸರು ಹೇಳುತ್ತದೋ, ಆ ವಿಜ್ಞಾನವೇ ಈ ಹೋಲಿಕೆಯನ್ನು ಒಪ್ಪುವುದಿಲ್ಲ. ಎಂಟ್ಯಾಂಗಲ್ ಆದ ಕಣಗಳಿಂದಲೂ ಅದೊಂದರಿಂದಲೇ ಸಂದೇಶ ಕಳಿಸಲು ಬರುವುದಿಲ್ಲ. ಇನ್ನು ಎಲೆ ಕಲೆಸುವುದಕ್ಕೆ ಮಾಮೂಲಿ ಗಣಿತವೇ ಸಾಕು: 52 ಎಲೆಗಳ ಕಟ್ಟು ಚೆನ್ನಾಗಿ ಬೆರೆಯಲು ಸುಮಾರು 7 ಸಲ ಕಲೆಸಬೇಕೆಂದು 1992ರಲ್ಲಿ ಬೇಯರ್ ಮತ್ತು ಡಯಾಕೊನಿಸ್ ತೋರಿಸಿದರು.

ಕೆಲಸ ಹೋಗುವ ಭಯ, ವೀಸಾದ ಚಿಂತೆ, ಊರಲ್ಲಿ ಒಂಟಿಯಾದ ಅಪ್ಪ ಅಮ್ಮ: ಎಲೆ ಕೇಳಲು ಹೋಗುವವರ ಸಂಕಟ ಸುಳ್ಳಲ್ಲ. ಎದುರು ಕೂತು ಅರ್ಧ ಗಂಟೆ ಕೇಳಿಸಿಕೊಳ್ಳುವವರು ಸಿಕ್ಕರೆ ಮನಸ್ಸು ಹಗುರಾಗುವುದೂ ನಿಜ. ಆ ಸಮಾಧಾನಕ್ಕೆ ಹಣ ಕೊಡುವುದು ಅವರವರ ಇಷ್ಟ. ಆದರೆ ಪ್ಯಾರಿಸ್ಸಿನವರು ಮೋಸಹೋದದ್ದು ತಾವು ಓದಲಾರದ ಲಿಪಿಗೆ. ನಮಗೆ ಮಾರುತ್ತಿರುವುದು ಪಿಯುಸಿಯಿಂದಲೇ ನಾವು ಓದಿಕೊಂಡು ಬಂದ ಪದಗಳನ್ನು. ರಾಜೀನಾಮೆ ಬರೆಯುವ ಮೊದಲು, ಮದುವೆ ಬೇಡವೆನ್ನುವ ಮೊದಲು, ಆ ಹಳೆಯ ಪಠ್ಯಪುಸ್ತಕವನ್ನು ಇನ್ನೊಮ್ಮೆ ತೆರೆದು ನೋಡಬಹುದು.