ಫೈಲಿನೊಳಗೆ ಬಾರದ ಜಾತಿ

ಕರ್ನಾಟಕದ ಸರ್ಕಾರಿ ನೌಕರರ ಶಿಸ್ತಿನ ನಿಯಮಗಳು 1957ರವು. ಆಫೀಸುಗಳಲ್ಲಿ ಇವನ್ನು ‘ಸಿ.ಸಿ.ಎ. ರೂಲ್ಸ್’ ಅಂತಾರೆ. ಅದರ 8ನೇ ನಿಯಮದಲ್ಲಿ ಶಿಕ್ಷೆಗಳ ಪಟ್ಟಿಯಿದೆ: ವಾಗ್ದಂಡನೆ, ಇನ್‌ಕ್ರಿಮೆಂಟು ತಡೆ, ಕಡ್ಡಾಯ ನಿವೃತ್ತಿ, ವಜಾ ಇತ್ಯಾದಿ. ಪಟ್ಟಿಯ ಮೊಟ್ಟಮೊದಲ ಶಿಕ್ಷೆ ಜುಲ್ಮಾನೆ. ಅದು ‘ಡಿ’ ಗುಂಪಿನ ನೌಕರರಿಗೆ ಮಾತ್ರ. ಕಸ ಗುಡಿಸೋರು, ಜವಾನರು ಇರುವ ಗುಂಪು ಅದು; ಅವರು ಯಾವ ಕೇರಿಗಳಿಂದ ಬಂದವರು ಅಂತ ಈ ಪತ್ರಿಕೆಯ ಓದುಗರಿಗೆ ಬಿಡಿಸಿ ಹೇಳಬೇಕಿಲ್ಲ. ಮನುಷ್ಯ ನಿಂತ ಮೆಟ್ಟಿಲು ನೋಡಿ ಶಿಕ್ಷೆ ಗೊತ್ತುಮಾಡುವ ದಂಡನೀತಿ ಇದ್ದ ಪುಸ್ತಕವನ್ನೇ ಬಾಬಾಸಾಹೇಬರು 1927ರ ಡಿಸೆಂಬರ್ 25ರಂದು ಮಹಾಡದಲ್ಲಿ ಸುಟ್ಟದ್ದು.

ಶಿಕ್ಷೆಗೊಳಗಾದ ನೌಕರ ಕೋರ್ಟಿನ ಬಾಗಿಲು ತಟ್ಟಬಹುದು ಎಂಬುದೇ ಈಚಿನ ಮಾತು. ಬ್ರಿಟಿಷರ ಕಾಲದಲ್ಲಿ ನೌಕರಿಯೆಂದರೆ ದೊರೆಯ ಮರ್ಜಿ. ಮದರಾಸಿನ ಸರ್ಕಾರಿ ಮುದ್ರಣಾಲಯದಲ್ಲಿ ರೀಡರ್ ಆಗಿದ್ದ ವೆಂಕಟರಾವ್ ಎಂಬುವರನ್ನು ಪರೀಕ್ಷೆಯ ಪ್ರಶ್ನೆಗಳು ಹೊರಬಿದ್ದವೆಂಬ ಸಂಶಯದಲ್ಲಿ ವಜಾ ಮಾಡಲಾಯಿತು. ನಿಯಮದಂತೆ ವಿಚಾರಣೆ ನಡೆದಿಲ್ಲ ಎಂಬುದನ್ನು ಲಂಡನ್ನಿನ ಪ್ರಿವಿ ಕೌನ್ಸಿಲ್ಲೇ ಒಪ್ಪಿತು. ಒಪ್ಪಿಯೂ, ನಿಯಮ ಮುರಿದರೆಂದು ಕೋರ್ಟಿನಲ್ಲಿ ದಾವೆ ಹೂಡುವಂತಿಲ್ಲ ಎಂದಿತು. ಇದು 1930ರ ದಶಕದ ಕತೆ.

ಸಂವಿಧಾನದ 311ನೇ ವಿಧಿ ಈ ಮರ್ಜಿಗೆ ಮೂಗುದಾರ ಹಾಕಿತು. 1958ರ ಖೇಮ್‌ಚಂದ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ನೌಕರನಿಗೆ ಮೂರು ಅವಕಾಶಗಳನ್ನು ಗುರುತಿಸಿತು: ಆರೋಪ ನಿರಾಕರಿಸುವುದು, ಸಾಕ್ಷಿಗಳನ್ನು ಪ್ರಶ್ನಿಸುವುದು, ಕೊನೆಗೆ ಈ ಶಿಕ್ಷೆ ಯಾಕೆ ಎಂದು ಕೇಳುವುದು. ಆ ಮೂರನೆಯದನ್ನು ತುರ್ತುಪರಿಸ್ಥಿತಿಯ ಕಾಲದಲ್ಲಿ, 1976ರ 42ನೇ ತಿದ್ದುಪಡಿಯಲ್ಲಿ ಕಿತ್ತುಹಾಕಿದರು. ಬಡವನಿಗೆ ಬೇಕಾಗಿದ್ದದ್ದು ಅದೇ. ತಪ್ಪು ಮಾಡಿದೆ ಸ್ವಾಮಿ, ಆದರೆ ಇಷ್ಟಕ್ಕೆ ಅನ್ನ ಕಿತ್ತುಕೊಳ್ತೀರಾ ಎನ್ನುವ ಪ್ರಶ್ನೆ.

ಆ ಪ್ರಶ್ನೆಯನ್ನು ಮತ್ತೆ ಕೇಳಿದ್ದು 1983ರ ಭಗತ್ ರಾಮ್ ಪ್ರಕರಣ. ಹಿಮಾಚಲದ ಒಬ್ಬ ಅರಣ್ಯ ಕಾವಲುಗಾರ. ವಿಚಾರಣೆಯಲ್ಲಿ ಇಲಾಖೆಯ ಪರವಾಗಿ ಮಾತಾಡಲು ಅಧಿಕಾರಿ ಇದ್ದ. ಈತನ ಕಡೆ ಯಾರೂ ಇಲ್ಲ. ನಾಲ್ಕನೇ ದರ್ಜೆಯ ನೌಕರನಿಗೆ ಸಹಾಯಕ ಬೇಕೇ ಎಂದು ಕೇಳಬೇಕಿತ್ತು ಎಂದಿತು ಕೋರ್ಟು. ತಪ್ಪಿಗೆ ಮೀರಿದ ಶಿಕ್ಷೆ ಸಮಾನತೆಯ 14ನೇ ವಿಧಿಗೇ ವಿರೋಧ ಎಂದೂ ಹೇಳಿತು. ದಲಿತ ನೌಕರರ ಸಂಘಗಳು ಕಂಠಪಾಠ ಮಾಡಬೇಕಾದ ತೀರ್ಪು ಇದು.

ಆದರೆ 1995ರ ಬಿ.ಸಿ. ಚತುರ್ವೇದಿ ಪ್ರಕರಣದಲ್ಲಿ ಬಾಗಿಲು ಕಿರಿದಾಯಿತು. ಶಿಕ್ಷೆಯ ಪ್ರಮಾಣ ಇಲಾಖೆಗೆ ಬಿಟ್ಟದ್ದು. ನ್ಯಾಯಾಲಯದ ಆತ್ಮಸಾಕ್ಷಿ ಬೆಚ್ಚಿಬೀಳುವಂತಿದ್ದರೆ ಮಾತ್ರ ಕೈಹಾಕಬಹುದು. ಯಾರ ಆತ್ಮಸಾಕ್ಷಿ? ಜವಾನನ ಸಂಬಳದಲ್ಲಿ ಒಂದು ಇನ್‌ಕ್ರಿಮೆಂಟು ಹೋದರೆ ಮನೆಯಲ್ಲಿ ಏನೇನು ನಿಲ್ಲುತ್ತೆ ಅಂತ ಗೊತ್ತಿರುವ ಆತ್ಮಸಾಕ್ಷಿಯೇ?

2000ದ ಓಂ ಕುಮಾರ್ ಪ್ರಕರಣ ಇದನ್ನು ಎರಡು ದಾರಿಯಾಗಿ ಸೀಳಿತು. ಸರ್ಕಾರದ ಕ್ರಮ ತಾರತಮ್ಯದ್ದು ಎಂದು ಆಕ್ಷೇಪಿಸಿದರೆ ಕೋರ್ಟು ತಾನೇ ತಕ್ಕಡಿ ಹಿಡಿದು ತೂಗುತ್ತದೆ. ಬರೀ ಮನಸೋಇಚ್ಛೆಯ ಶಿಕ್ಷೆ ಎಂದರೆ ದೂರದಿಂದಷ್ಟೇ ನೋಡುತ್ತದೆ. ನಮ್ಮವರು ಸಿಕ್ಕಿಬೀಳುವುದು ಇಲ್ಲೇ. ಕೋರ್ಟು ನೋಡುವುದು ಫೈಲನ್ನು. ಟೀ ಲೋಟ ಬೇರೆ ಇಟ್ಟದ್ದನ್ನು ಪ್ರಶ್ನಿಸಿದವನ ಮೇಲಿನ ಆರೋಪಪಟ್ಟಿಯಲ್ಲಿ ಲೋಟ ಇರುವುದಿಲ್ಲ. ‘ಮೇಲಧಿಕಾರಿಗೆ ಅವಿಧೇಯತೆ’ ಇರುತ್ತದೆ. ಜಾತಿ ಎಂಬ ಪದವೇ ಇಲ್ಲದ ಕಾಗದದಿಂದ ತಾರತಮ್ಯವನ್ನು ಹೇಗೆ ಹೊರತೆಗೆಯೋದು?

ಹೋಲಿಸಿ ತೋರಿಸಬೇಕು, ಅಷ್ಟೆ. 2013ರ ರಾಜೇಂದ್ರ ಯಾದವ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಇದಕ್ಕೊಂದು ಹಿಡಿಕೆ ಕೊಟ್ಟಿತು: ತಪ್ಪಿತಸ್ಥರ ನಡುವೆಯೂ ಸಮಾನತೆ ಅನ್ವಯಿಸುತ್ತದೆ, ಒಂದೇ ಘಟನೆಯಲ್ಲಿ ಒಬ್ಬನಿಗೆ ಹಗುರ, ಇನ್ನೊಬ್ಬನಿಗೆ ಭಾರ ಸಲ್ಲದು. ಆದರೆ ಹೋಲಿಸಲು ಆ ಇನ್ನೊಬ್ಬನ ಆದೇಶದ ನಕಲು ಬೇಕಲ್ಲ? ಅದಕ್ಕೂ ಮುಂಚೆ, 2012ರ ಗಿರೀಶ್ ದೇಶಪಾಂಡೆ ಪ್ರಕರಣದಲ್ಲಿ ಅದೇ ನ್ಯಾಯಾಲಯ, ನೌಕರನಿಗೆ ಕೊಟ್ಟ ನೋಟೀಸು, ಶಿಕ್ಷೆಯ ಆದೇಶಗಳೆಲ್ಲ ಖಾಸಗಿ ಮಾಹಿತಿ, ದೊಡ್ಡ ಸಾರ್ವಜನಿಕ ಹಿತ ತೋರಿಸದೆ ಮಾಹಿತಿ ಹಕ್ಕಿನಲ್ಲಿ ಸಿಗುವುದಿಲ್ಲ ಎಂದಿತ್ತು. ಉಳಿದಿರುವ ದಾರಿ ಆಡಳಿತ ನ್ಯಾಯಮಂಡಳಿಯ ಮುಂದೆಯೇ ನಿಂತು, ‘ಆ ಫೈಲನ್ನೂ ತರಿಸಿ’ ಎಂದು ಅರ್ಜಿ ಹಾಕುವುದು. ಸಸ್ಪೆಂಡ್ ಆದ ಜವಾನ ಅರ್ಧ ಸಂಬಳದಲ್ಲಿ ಬಸ್ಸು ಹತ್ತಿ ಬಂದು ಹಿಡಿಯುವ ವಕೀಲರಿಗೆ ಈ ಮಾತನ್ನು ಮೊದಲ ದಿನವೇ ಹೇಳಬೇಕು.